ರಾಗಿಕಲ್ಲಿನಲ್ಲಿ ಉಳಿದ ದನಿ: ನನ್ನ ಕಥೆಯ ಮಾಯದ ಕಲ್ಲಿಗೆ ಮಿತಿ ಏನಿರಬೇಕು?

ಹೊಂಗೆನೆರಳು (ಪ್ರಶ್ನೆ):

ಎಲ್ಲರಿಗೂ ನಮಸ್ಕಾರ. ಮಕ್ಕಳಿಗಾಗಿ ಒಂದು ಫ್ಯಾಂಟಸಿ ಕಥೆ ಬರೆಯುತ್ತಿದ್ದೇನೆ. ಎರಡು ವರ್ಷದ ಹಿಂದೆ ಮಗಳಿಗೆ ಮಲಗುವಾಗ ಹೇಳೋಕೆ ಶುರು ಮಾಡಿದ್ದು. ಆಗ ಅವಳಿಗೆ ಎಂಟು, ಈಗ ಹತ್ತು. ಹೇಳುತ್ತಾ ಹೇಳುತ್ತಾ ಬೆಳೆಯಿತು, ಬೆಳಗ್ಗೆ ಎದ್ದು ಟೈಪ್ ಮಾಡುತ್ತಾ ಹೋದೆ, ಈಗ 140 ಪುಟ ಆಗಿದೆ. ಆದರೆ ಒಂಬತ್ತನೇ ಅಧ್ಯಾಯದಲ್ಲಿ ನಿಂತುಬಿಟ್ಟಿದೆ. ನಿಲ್ಲಿಸಿದ್ದು ಒಂದು ಕಲ್ಲು.

ಕಥೆ ನಡೆಯೋದು ಏಳುಕೆರೆ ಸೀಮೆಯಲ್ಲಿ. ಒಂದರ ಕೆಳಗೊಂದು ಏಳು ಕೆರೆ. ಮೇಲಿನದು ಕೋಡಿ ಬಿದ್ದರೆ ಕೆಳಗಿನದಕ್ಕೆ ನೀರು. ಆ ಸೀಮೆಯಲ್ಲಿ ಅಕ್ಷರ ಅನ್ನೋದು ಹುಟ್ಟೇ ಇಲ್ಲ. ಯಾರ ಹೊಲ ಎಲ್ಲಿವರೆಗೆ, ಯಾರು ಯಾರಿಗೆ ಎಷ್ಟು ಕಾಳು ಕೊಡಬೇಕು, ಯಾವ ತೂಬು ಯಾವಾಗ ಎತ್ತಬೇಕು, ಎಲ್ಲಾ ಬಾಯಲ್ಲೇ. ಹಾಗಾಗಿ ಅಲ್ಲಿ ದನಿಯೇ ದಾಖಲೆ. ಆ ದನಿಯನ್ನು ಹಿಡಿದಿಡೋ ಒಂದು ಕಲ್ಲಿದೆ. ಅದಕ್ಕೆ ದನಿಗಲ್ಲು ಅಂತ ಹೆಸರಿಟ್ಟಿದ್ದೇನೆ.

ಕಥೆಯ ಹುಡುಗಿ ನೀಲಿ. ಹನ್ನೊಂದು ವರ್ಷ. ಮೂರು ವರ್ಷದಿಂದ ಮಳೆ ಇಲ್ಲ. ಮಳೆ ಬಂದ ದಿನ ಏಳು ತೂಬುಗಳನ್ನು ಯಾವ ಕ್ರಮದಲ್ಲಿ ಎತ್ತಬೇಕು ಅನ್ನೋದು ಒಂದು ಪದದಲ್ಲಿ, ಅಂದರೆ ಹಾಡಿನಲ್ಲಿದೆ. ಕ್ರಮ ತಪ್ಪಿದರೆ ಮೇಲಿನ ಕಟ್ಟೆ ಒಡೆದು ಕೆಳಗಿನ ಊರುಗಳು ಕೊಚ್ಚಿಹೋಗುತ್ತವೆ. ಆ ಪದ ಗೊತ್ತಿದ್ದದ್ದು ನೀಲಿಯ ಅಜ್ಜಿಗೆ ಮಾತ್ರ. ಅಜ್ಜಿ ತೀರಿಕೊಂಡಿದ್ದಾಳೆ. ದನಿಗಲ್ಲಿನಲ್ಲಿ ಅವಳ ದನಿ ಇದೆ.

ಈಗ ಸಮಸ್ಯೆ. ನಾನು ಕಲ್ಲನ್ನು ನೇರಳೆಹಣ್ಣಿನ ಗಾತ್ರ ಮಾಡಿದ್ದೆ. ಕಪ್ಪಗೆ, ನುಣ್ಣಗೆ, ಲಂಗದ ಜೇಬಿನಲ್ಲಿ ಇಟ್ಟುಕೊಳ್ಳೋ ಹಾಗೆ. ಕಿವಿಗೆ ಹಿಡಿದು ಏನು ಕೇಳಿದರೂ ಅಜ್ಜಿಯ ದನಿಯಲ್ಲಿ ಉತ್ತರ ಬರುತ್ತಿತ್ತು. ಒಂಬತ್ತನೇ ಅಧ್ಯಾಯದಲ್ಲಿ ನೀಲಿ ದಾರಿ ತಪ್ಪಿ ಗುಡ್ಡದ ಮೇಲೆ ಕೂತು ಅಳುತ್ತಾಳೆ. ಮಗಳು ಕಂಬಳಿಯೊಳಗಿಂದ ತಲೆ ಹೊರಗೆ ಹಾಕಿ ಕೇಳಿದಳು: "ಅಳೋದ್ಯಾಕೆ? ಕಲ್ಲನ್ನೇ ಕೇಳಿದ್ರೆ ಆಯ್ತಲ್ವಾ?"

ನನಗೆ ಉತ್ತರ ಹೊಳೆಯಲಿಲ್ಲ. ಕಲ್ಲಿಗೆ ಎಲ್ಲಾ ಗೊತ್ತು ಅಂದಮೇಲೆ ನೀಲಿ ಗುಡ್ಡ ಹತ್ತೋದು ಯಾಕೆ, ಜಗಳ ಯಾಕೆ, ಕಥೆಯೇ ಯಾಕೆ?

ಮಿತಿ ಹಾಕೋಕೆ ನೋಡಿದೆ. ಮೊದಲು, ಅಮಾವಾಸ್ಯೆ ದಿನ ಮಾತ್ರ ಕಲ್ಲು ಮಾತಾಡುತ್ತದೆ ಅಂದೆ. "ಅಮಾವಾಸ್ಯೆ ತನಕ ಕಾಯ್ಲಿ ಬಿಡು" ಅಂದಳು. ಆಮೇಲೆ, ಕಲ್ಲನ್ನು ಒಂದು ಸಲ ಕೇಳಿದರೆ ಕೇಳಿದವರ ಆಯಸ್ಸಿನಲ್ಲಿ ಒಂದು ದಿನ ಕಡಿಮೆ ಆಗುತ್ತದೆ ಅಂದೆ. ಆ ರಾತ್ರಿ ಅವಳು ನಿದ್ದೆ ಮಾಡಲಿಲ್ಲ. ಬೆಳಗ್ಗೆ ಎದ್ದವಳೇ, "ಅಜ್ಜೀನೂ ಯಾರನ್ನಾದ್ರೂ ಜಾಸ್ತಿ ಸಲ ಕೇಳಿದ್ಲಾ ಅಮ್ಮಾ?" ಅಂದಳು. ಆ ಮಿತಿಯನ್ನು ಅವತ್ತೇ ಅಳಿಸಿಹಾಕಿದೆ. ಮಕ್ಕಳನ್ನು ಹೆದರಿಸಿ ಕಥೆ ನಡೆಸೋದು ನನಗೆ ಬೇಡ.

ನಮ್ಮ ಅಮ್ಮ ಹೋಗಿ ಮೂರು ವರ್ಷ ಆಯ್ತು. ಅವರ ದನಿ ಅಂತ ನನ್ನ ಹತ್ತಿರ ಉಳಿದಿರೋದು ಫೋನಿನಲ್ಲಿ ಒಂದೇ ವಾಯ್ಸ್ ಮೆಸೇಜು, ಹನ್ನೆರಡು ಸೆಕೆಂಡು. "ಹಾಲು ತಗೊಂಡ್ಯಾ? ಬರ್ತಾ ಕರಿಬೇವು ತಗೊಂಡ್ಬಾ, ಹಿತ್ತಲಿಂದು ಒಣಗಿದೆ." ಅಷ್ಟೇ. ಮಗಳು ಅದನ್ನು ಆಗಾಗ ಹಾಕಿಸಿಕೊಂಡು ಕೇಳುತ್ತಾಳೆ. ದನಿಗಲ್ಲು ಎಲ್ಲಿಂದ ಬಂತು ಅಂತ ನಿಮಗೆ ಗೊತ್ತಾಯ್ತು ಅಂದುಕೊಳ್ಳುತ್ತೇನೆ.

ಹಾಗಾಗಿ ನನ್ನ ಪ್ರಶ್ನೆ. ಹೊರಗಿನಿಂದ ಅಂಟಿಸಿದ ನಿಯಮ ಬೇಡ. ಕಲ್ಲು ಕಲ್ಲಾಗಿರೋದರಿಂದಲೇ ಹುಟ್ಟೋ ಮಿತಿ ಬೇಕು. ಅದು ಎಂಥ ಕಲ್ಲು, ಎಲ್ಲಿ ಸಿಗುತ್ತದೆ, ಮುಟ್ಟಿದರೆ ಹೇಗಿರುತ್ತದೆ? ಕಲ್ಲಿನ ವಿಷಯ ತಿಳಿದವರು, ಕಥೆ ತಿಳಿದವರು, ದಯವಿಟ್ಟು ಹೇಳಿ.

ಬಿಸಿಲುಗುಡ್ಡ:

ನಾನು ಬಳ್ಳಾರಿ ಕಡೆಯವನು. ನಿಮ್ಮ ಪ್ರಶ್ನೆ ಓದಿದ ಕೂಡಲೇ ಕಪ್ಪಗಲ್ಲು ಗುಡ್ಡ ನೆನಪಾಯ್ತು. ಹಳೇ ಬರಹಗಳಲ್ಲಿ ಕುಪ್ಗಲ್ ಅಂತಲೂ ಇರುತ್ತದೆ. ಬಳ್ಳಾರಿ ಊರಿಂದ ದೂರ ಏನಿಲ್ಲ, ಸಂಗನಕಲ್ಲಿನ ಪಕ್ಕ.

ಅಲ್ಲಿ ನಿಜವಾಗಿಯೂ ದನಿ ಕೊಡೋ ಕಲ್ಲುಗಳಿವೆ. ಗುಡ್ಡವೆಲ್ಲಾ ಮಾಮೂಲಿ ಗ್ರಾನೈಟು, ಬಿಸಿಲಿಗೆ ಕಂದು ಬಣ್ಣಕ್ಕೆ ತಿರುಗಿದ್ದು. ಅದರ ನಡುವೆ ಒಂದು ಪಟ್ಟಿಯ ಹಾಗೆ ಕಪ್ಪು ಡಾಲರೈಟ್ ಕಲ್ಲಿನ ಸಾಲು ಹಾದುಹೋಗುತ್ತದೆ. ಆನೆ ಗಾತ್ರದ್ದು, ಎಮ್ಮೆ ಗಾತ್ರದ್ದು, ಒಂದರ ಮೇಲೊಂದು ಬಿದ್ದಿವೆ. ಹೊಸ ಶಿಲಾಯುಗದ ಜನ ಆ ಕಪ್ಪು ಕಲ್ಲಿನ ಮೇಲೆ ಕುಟ್ಟಿ ಕುಟ್ಟಿ ಚಿತ್ರ ಮಾಡಿದ್ದಾರೆ. ಉದ್ದ ಕೊಂಬಿನ ದನಗಳೇ ಜಾಸ್ತಿ. ಅಲ್ಲೇ, ಅದೇ ಡಾಲರೈಟಿನಿಂದ ರಾಶಿ ರಾಶಿ ಕೊಡಲಿ ಮಾಡುತ್ತಿದ್ದರು. ಒಡೆದ ಚೂರುಗಳು ಇವತ್ತಿಗೂ ಕಾಲಿಗೆ ಸಿಗುತ್ತವೆ.

ನಾನು ಕಾಲೇಜಿನಲ್ಲಿದ್ದಾಗ ಒಂದು ಭಾನುವಾರ ಹತ್ತಿದ್ದೆ. ಕೈಯಲ್ಲಿ ಮುಷ್ಟಿ ಗಾತ್ರದ ಕಲ್ಲು ಹಿಡಿದು ಒಂದೊಂದನ್ನೇ ಮೆಲ್ಲಗೆ ತಟ್ಟುತ್ತಾ ಹೋದೆ. ಟಪ್. ಟಪ್. ಟಪ್. ಆಮೇಲೆ ಒಂದು ಬಂಡೆ "ಟಿಣ್" ಅಂತು. ದೇವಸ್ಥಾನದ ಗಂಟೆಯನ್ನು ಬಟ್ಟೆ ಸುತ್ತಿ ಹೊಡೆದ ಹಾಗೆ. ಅಂಗೈ ಇಟ್ಟರೆ ನಡುಕ ತಿಳಿಯುತ್ತಿತ್ತು. ಆ ಬಂಡೆಯ ಮೇಲೆ ಒಂದು ಬಟ್ಟಲಿನ ಹಾಗೆ ತಗ್ಗು, ಬೆಳ್ಳಗೆ ಸವೆದಿತ್ತು. ನಮಗಿಂತ ಮುಂಚೆ ಯಾರೋ ಅದೇ ಜಾಗದಲ್ಲಿ ಎಷ್ಟು ಸಲ ಬಾರಿಸಿದ್ದರೋ. ನಿಕೋಲ್ ಬೊಯಿವಿನ್ ಅನ್ನೋ ಪುರಾತತ್ವಜ್ಞೆ 2004ರಲ್ಲಿ ಈ ಕಲ್ಲುಗಳ ಬಗ್ಗೆ ಬರೆದರು. ಚಿತ್ರ ಬಿಡಿಸೋದು ಮತ್ತು ನಾದ ಎಬ್ಬಿಸೋದು ಅಲ್ಲಿ ಒಂದಕ್ಕೊಂದು ಸೇರಿದ ಕೆಲಸ ಆಗಿದ್ದಿರಬಹುದು ಅನ್ನೋದು ಅವರ ವಾದ. (ಈಗ ನೋಡೋಕೆ ಹೋಗೋರು ದಯವಿಟ್ಟು ತಟ್ಟಬೇಡಿ. ನಾನು ಆಗ ತಿಳಿಯದೆ ತಟ್ಟಿದೆ. ಸುತ್ತಲಿನ ಕಲ್ಲುಗಣಿಯಿಂದ ಅಲ್ಲಿ ಆಗಿರೋ ಹಾಳೇ ಸಾಕು.)

ಈಗ ನಿಮ್ಮ ಮಿತಿಗೆ ಬರ್ತೀನಿ. ಕಲ್ಲು ಯಾಕೆ ಉಲಿಯುತ್ತದೆ? ಡಾಲರೈಟಿನ ಕಣಗಳು ಸಣ್ಣವು, ಒಂದಕ್ಕೊಂದು ಬಿಗಿಯಾಗಿ ಹೆಣೆದುಕೊಂಡಿರುತ್ತವೆ. ಆದರೆ ಅಷ್ಟೇ ಸಾಲದು. ಬಂಡೆ ಎರಡು ಮೂರು ಕಡೆ ಮಾತ್ರ ಊರಿಕೊಂಡು, ಉಳಿದ ಮೈ ಗಾಳಿಯಲ್ಲಿರಬೇಕು. ಅರ್ಧ ಮಣ್ಣಿನಲ್ಲಿ ಹೂತರೆ ಅದೇ ಬಂಡೆ ಮೂಕ. ಒಳಗೆ ಕೂದಲಷ್ಟು ಬಿರುಕು ಬಿದ್ದರೂ ಮೂಕ. ನಿಮ್ಮ ದನಿಗಲ್ಲನ್ನು ಜೇಬಿಗೆ ಹಾಕಿದರೆ ಅದು ಹೂತ ಕಲ್ಲೇ ಅಲ್ವಾ? ಮಾತಾಡಬಾರದು. ಸರಿಯಾದ ಜಾಗದಲ್ಲಿ, ಸರಿಯಾಗಿ ಕೂರಿಸಿದರೆ ಮಾತ್ರ ಮಾತಾಡಬೇಕು. ನೀಲಿಗೆ ಗುಡ್ಡ ಹತ್ತೋಕೆ ಅದೇ ಕಾರಣ.

ಇನ್ನೊಂದು. ಸೂಜಿಗಲ್ಲು ಗೊತ್ತಲ್ಲ, ಕಬ್ಬಿಣ ಎಳೆಯೋದು, ಮ್ಯಾಗ್ನಟೈಟ್. ಕುದುರೆಮುಖದ ಅದಿರಿನಲ್ಲಿದ್ದದ್ದು ಅದೇ. ಅದನ್ನು 580 ಡಿಗ್ರಿ ಸೆಲ್ಸಿಯಸ್ ಸುಮಾರಿಗೆ ಕಾಯಿಸಿದರೆ ಸೆಳೆತ ಹೋಗಿಬಿಡುತ್ತದೆ. ಕಲ್ಲು ನೋಡೋಕೆ ಹಾಗೇ ಇರುತ್ತದೆ, ತೂಕ ಅಷ್ಟೇ, ಬಣ್ಣ ಅದೇ. ಒಳಗಿನದು ಮಾತ್ರ ಇಲ್ಲ. ಕಳ್ಳರಿಗಿಂತ ಬೆಂಕಿಗೆ ಹೆದರಬೇಕಾದ ಮಾಯದ ಕಲ್ಲು ಚೆನ್ನಾಗಿರುತ್ತದೆ ಅನಿಸುತ್ತದೆ.

ಚೌತಿಕಡುಬು:

ನನಗೆ ಕಲ್ಲಿನ ಜಾತಿ ಗೊತ್ತಿಲ್ಲ, ಕಥೆ ಗೊತ್ತು. ನಿಮ್ಮ ಮಗಳ ಪ್ರಶ್ನೆಗೆ ಸ್ಯಮಂತಕ ಮಣಿಯ ಕಥೆಯಲ್ಲಿ ಉತ್ತರ ಇದೆ.

ಗಣೇಶ ಚೌತಿ ದಿನ ಚಂದ್ರನನ್ನು ನೋಡಿದರೆ ಸುಮ್ನೆ ಅಪವಾದ ಬರುತ್ತದೆ, ಕಳೆಯೋಕೆ ಈ ಕಥೆ ಕೇಳಬೇಕು ಅಂತ ನಮ್ಮ ಮನೆಯಲ್ಲಿ ಪ್ರತಿ ವರ್ಷ ಓದುತ್ತಾರೆ. ಚಿಕ್ಕಂದಿನಿಂದ ಕೇಳಿ ಕೇಳಿ ಬಾಯಿಪಾಠ. ಸೂರ್ಯ ಸತ್ರಾಜಿತನಿಗೆ ಕೊಟ್ಟ ಮಣಿ. ದಿನಕ್ಕೆ ಎಂಟು ಭಾರ ಚಿನ್ನ ಕೊಡುತ್ತದೆ. ಆದರೆ ಇಡೀ ಕಥೆಯಲ್ಲಿ ಆ ಚಿನ್ನದಿಂದ ಒಂದು ಕೆಲಸವಾದರೂ ಆಗುತ್ತದಾ? ಇಲ್ಲ. ಸತ್ರಾಜಿತನ ತಮ್ಮ ಪ್ರಸೇನ ಅದನ್ನು ಕೊರಳಿಗೆ ಹಾಕಿಕೊಂಡು ಬೇಟೆಗೆ ಹೋಗುತ್ತಾನೆ. ಸಿಂಹ ಅವನನ್ನು ಕೊಲ್ಲುತ್ತದೆ. ಸಿಂಹವನ್ನು ಜಾಂಬವಂತ ಕೊಲ್ಲುತ್ತಾನೆ. ಊರಲ್ಲಿ ಮಾತ್ರ ಕೃಷ್ಣನೇ ಕದ್ದ ಅಂತ ಗುಸುಗುಸು. ಕಥೆ ನಡೆಯೋದು ಮಣಿ ಏನು ಮಾಡುತ್ತದೆ ಅನ್ನೋದರಿಂದಲ್ಲ. ಅದು ಯಾರ ಕೈಯಲ್ಲಿದೆ, ಯಾರ ಮೇಲೆ ಅನುಮಾನ ಬಿತ್ತು ಅನ್ನೋದರಿಂದ.

ಅದರಲ್ಲಿ ನನಗೆ ತುಂಬಾ ಇಷ್ಟವಾದ ಜಾಗ ಗುಹೆ. ಕೃಷ್ಣ ಕತ್ತಲೆಯಲ್ಲಿ ಒಳಗೆ ಹೋಗುತ್ತಾನೆ. ಯಾರೋ ಹೆಂಗಸು ಅಳುವ ಮಗುವಿಗೆ ಲಾಲಿ ಹಾಡುತ್ತಿದ್ದಾಳೆ. ಅಳಬೇಡ ಮಗುವೇ, ಪ್ರಸೇನನನ್ನು ಸಿಂಹ ಕೊಂದಿತು, ಸಿಂಹವನ್ನು ಜಾಂಬವಂತ ಕೊಂದ, ಈ ಸ್ಯಮಂತಕ ಈಗ ನಿನ್ನದೇ ಅಂತ. ದ್ವಾರಕೆಯೆಲ್ಲಾ ತಲೆ ಕೆಡಿಸಿಕೊಂಡ ಮಣಿ ಅಲ್ಲಿ ಮಗುವಿನ ಆಟಿಕೆ! ಮತ್ತೆ ನೋಡಿ, ನಿಜ ಹೊರಗೆ ಬಂದದ್ದು ಮಣಿಯಿಂದಲ್ಲ, ಲಾಲಿ ಪದದಿಂದ. ನಿಮ್ಮ ಕಥೆಗೆ ಎಷ್ಟು ಹತ್ತಿರ ಅಲ್ವಾ?

ಅದರ ಬೆಲೆಯೂ ಸಣ್ಣದಲ್ಲ. ಜಾಂಬವಂತನ ಜೊತೆ ಕಾದಾಟ ಭಾಗವತದಲ್ಲಿ 28 ದಿನ, ವಿಷ್ಣು ಪುರಾಣದಲ್ಲಿ 21 ದಿನ. ಭಾಗವತದಲ್ಲಿ ಹೊರಗೆ ಕಾಯುತ್ತಿದ್ದ ಜನ 12 ದಿನ ನೋಡಿ, ಕೃಷ್ಣ ಸತ್ತೇ ಹೋದ ಅಂದುಕೊಂಡು ಊರಿಗೆ ಹೋಗಿಬಿಡುತ್ತಾರೆ.

ನನ್ನ ಸಲಹೆ: ದನಿಗಲ್ಲಿಗೆ ಮಿತಿ ಹಾಕೋದಕ್ಕಿಂತ ಅದನ್ನು ನೀಲಿಯ ಕೈಯಿಂದ ತಪ್ಪಿಸಿ. ಅದರ ಬೆಲೆ ಗೊತ್ತಿಲ್ಲದವರ ಮನೆಯಲ್ಲಿ ಇರಲಿ. ಕೆಳಗಿನ ಊರಿನವರು ನೀಲಿಯ ಮನೆಯವರೇ ಬಚ್ಚಿಟ್ಟಿದ್ದಾರೆ ಅಂತ ಆಡಿಕೊಳ್ಳಲಿ.

ಹೊಂಗೆನೆರಳು:

ಇಬ್ಬರಿಗೂ ತುಂಬಾ ಥ್ಯಾಂಕ್ಸ್. ಕಪ್ಪಗಲ್ಲಿನ ಬಂಡೆಯ ಮೇಲಿನ ಆ ಬೆಳ್ಳಗೆ ಸವೆದ ತಗ್ಗು ನನ್ನ ಕಣ್ಣಿಂದ ಹೋಗುತ್ತಿಲ್ಲ. ಲಾಲಿಯ ವಿಷಯ ಓದಿ ಮೈ ಜುಮ್ಮೆಂದಿತು. ಈ ಕಥೆ ನಾನೂ ಕೇಳಿದ್ದೇನೆ, ಆದರೆ ಹಾಡು ಅಲ್ಲಿ ಮಾಡೋ ಕೆಲಸವನ್ನು ಗಮನಿಸಿರಲಿಲ್ಲ.

ಒಂದು ಅನುಮಾನ. ಕಲ್ಲು ಕೈ ತಪ್ಪಿದರೂ ಕೊನೆಗೆ ನೀಲಿಗೆ ಸಿಗಲೇಬೇಕು. ಸಿಕ್ಕ ಮೇಲೆ ಮತ್ತೆ ಅದೇ ಕಥೆ, ಕೇಳಿದ್ದಕ್ಕೆಲ್ಲಾ ಉತ್ತರ. ಮಗಳು ಬಿಡಲ್ಲ.

ಗಾಜಿನಗೋಲಿ:

ನಾನು ಮೊಬೈಲ್ ಗೇಮ್‌ಗಳಿಗೆ ನಿಯಮ ಬರೆಯೋ ಕೆಲಸ ಮಾಡ್ತೀನಿ. ನನ್ನ ಕಣ್ಣಿಗೆ ಕಾಣೋ ತಪ್ಪು ಒಂದೇ. ನಿಮ್ಮ ಕಲ್ಲು ಯೋಚನೆ ಮಾಡುತ್ತದೆ. ಕೇಳಿದ ಪ್ರಶ್ನೆಗೆ ಉತ್ತರ ಕೊಡೋ ಕಲ್ಲು ಕಲ್ಲಲ್ಲ, ಒಳಗೆ ಕೂತಿರೋ ಮನುಷ್ಯ.

ಇಟಲಿಯ ಬೊಲೊನ್ಯಾ ಊರಿನಲ್ಲಿ 17ನೇ ಶತಮಾನದ ಶುರುವಿನಲ್ಲಿ ವಿಂಚೆಂಜೊ ಕಾಶಿಯಾರೊಲೊ ಅಂತ ಒಬ್ಬ ಚಮ್ಮಾರ ಇದ್ದ. ರಸವಿದ್ಯೆಯ ಹುಚ್ಚು. ಊರ ಹತ್ತಿರದ ಪದೆರ್ನೊ ಬೆಟ್ಟದಲ್ಲಿ ಅವನಿಗೆ ಒಂದು ಕಲ್ಲು ಸಿಕ್ಕಿತು. ಗಾತ್ರಕ್ಕೆ ಮೀರಿದ ಭಾರ. ಇದರಲ್ಲಿ ಏನೋ ಇದೆ ಅಂತ ಇದ್ದಿಲಿನ ಜೊತೆ ಸುಟ್ಟ. ಚಿನ್ನ ಬರಲಿಲ್ಲ. ಆದರೆ ಆ ಸುಟ್ಟ ಕಲ್ಲನ್ನು ಬಿಸಿಲಿಗೆ ಹಿಡಿದು ಕತ್ತಲೆ ಕೋಣೆಗೆ ತಂದರೆ ಕೆಂಡದ ಹಾಗೆ ಮಿನುಗುತ್ತಿತ್ತು! ಬೆಂಕಿ ಇಲ್ಲದ ಬೆಳಕು. ಗೆಲಿಲಿಯೊ ತನಕ ಸುದ್ದಿ ಹೋಯಿತು. ಆ ಕಲ್ಲು ಬಾರೈಟ್, ನಮ್ಮ ಪಕ್ಕದ ಆಂಧ್ರದ ಮಂಗಂಪೇಟೆಯಲ್ಲಿ ಬೇಕಾದಷ್ಟು ತೆಗೆಯುತ್ತಾರೆ.

ಅದು ಮಾಯದ ಕಲ್ಲಿಗೆ ಕಮ್ಮಿ ಏನಲ್ಲ. ಆದರೂ ಅದರ ಮಿತಿ ನೋಡಿ. ಬಿಸಿಲು ಉಣಿಸದಿದ್ದರೆ ಬೆಳಕಿಲ್ಲ. ಸ್ವಲ್ಪ ಹೊತ್ತಿಗೆ ಮಂಕಾಗುತ್ತದೆ. ತನ್ನದು ಅಂತ ಒಂದು ಚೂರು ಬೆಳಕೂ ಅದರ ಹತ್ತಿರ ಇಲ್ಲ, ನೀವು ಕೊಟ್ಟಿದ್ದನ್ನೇ ವಾಪಸ್ ಕೊಡುತ್ತದೆ. ದನಿಗಲ್ಲೂ ಹಾಗೇ ಇರಲಿ. ಅಜ್ಜಿ ಹಾಡಿದ್ದು ಮಾತ್ರ ಬರಲಿ, ಹಾಡಿದ ಹಾಗೇ ಬರಲಿ. ಪ್ರಶ್ನೆ ಕೇಳಿದರೆ ಕಲ್ಲಿಗೆ ಕಿವಿ ಇರಬಾರದು.

ಜೊತೆಗೆ ಲೆಕ್ಕ ಇಡಿ. ಏಳು ಕೆರೆ, ಏಳು ಸಲ. ಅಷ್ಟೇ. ಎಷ್ಟು ಸಲ ಉಳಿದಿದೆ ಅಂತ ಗೊತ್ತಿದ್ದರೆ ಓದೋರಿಗೆ ಎದೆ ಡವಡವ ಅನ್ನುತ್ತದೆ.

ರಾಗಿಕಣ:

ತಡವಾಗಿ ಬರೀತಾ ಇದ್ದೀನಿ. ನನಗೆ 67 ವರ್ಷ. ಫ್ಯಾಂಟಸಿ ನಾನು ಓದಿದವಳಲ್ಲ. ಆದರೆ ದನಿ ಹಿಡಿಯೋ ಕಲ್ಲು ನಮ್ಮ ಎಲ್ಲರ ಮನೆಯಲ್ಲೂ ಇತ್ತು ಅನಿಸಿ ಬರೀತಾ ಇದ್ದೀನಿ. ರಾಗಿಕಲ್ಲು.

ನಮ್ಮ ಮನೆಯಲ್ಲಿ ನಡುಮನೆಯ ಮೂಲೆಯಲ್ಲಿತ್ತು. ಕೆಳಗಲ್ಲು ನೆಲಕ್ಕೆ ಊರಿದ್ದು, ಅದರ ನಡುವೆ ಗೂಟ. ಮೇಲುಗಲ್ಲಿಗೆ ನಡುವೆ ತೂತು, ಅದಕ್ಕೆ ಕಲ್ಲಿನ ಬಾಯಿ ಅನ್ನೋರು. ಅಂಚಿಗೆ ಮರದ ಹಿಡಿ. ಕೋಳಿ ಕೂಗೋ ಹೊತ್ತಿಗೆ ನಮ್ಮಜ್ಜಿ, ದೊಡ್ಡಮ್ಮ ಎದುರುಬದುರು ಕೂರೋರು. ಒಂದು ಕಾಲು ಚಾಚಿ, ಒಂದು ಮಡಿಸಿ. ಎಡಗೈಯಲ್ಲಿ ಬಾಯಿಗೆ ರಾಗಿ, ಬಲಗೈಯಲ್ಲಿ ಹಿಡಿ. ಒಬ್ಬರು ಒಂದು ಸಾಲು ಎತ್ತಿಕೊಂಡರೆ ಇನ್ನೊಬ್ಬರು ಸೇರಿಸೋರು. ಕಲ್ಲನ್ನು ಕಲ್ಲವ್ವ ಅಂತ ಕರೆದೇ ಪದ ಶುರು. ಗಂಡನ ಮನೆ ಕಷ್ಟ, ತವರಿನ ಆಸೆ, ಸತ್ತ ಮಗು, ಹಗಲು ಯಾರ ಮುಂದೂ ಹೇಳದ್ದೆಲ್ಲಾ ಆ ಕತ್ತಲಲ್ಲಿ ಕಲ್ಲಿನ ಮುಂದೆ. ನಾನು ಪಕ್ಕದಲ್ಲೇ ಚಾಪೆ ಮೇಲೆ ಮಲಗಿರುತ್ತಿದ್ದೆ. ನೆಲಕ್ಕೆ ಕಿವಿ ಇಟ್ಟರೆ ಗುರ್ ಅನ್ನೋ ಸದ್ದಿನ ಒಳಗೆ ಪದ ಕೇಳಿಸೋದು. ಹಾಡಿದ್ದು ಅಜ್ಜಿಯಾ, ಕಲ್ಲಾ ಅಂತ ಎಷ್ಟೋ ಸಲ ಗೊತ್ತಾಗುತ್ತಿರಲಿಲ್ಲ.

ಹಾಗಾಗಿ ತಾಯಿ, ನಿಮ್ಮ ದನಿಗಲ್ಲು ಜೇಬಿನಲ್ಲಿ ಇರೋದು ಬೇಡ. ರಾಗಿಕಲ್ಲೇ ಆಗಲಿ. ಒಬ್ಬ ಹುಡುಗಿ ಎತ್ತಿಕೊಂಡು ಓಡೋಕೆ ಆಗಲ್ಲ. ತಿರುಗಿಸಿದರೆ ಮಾತ್ರ ದನಿ. ತಿರುಗಿಸೋಕೆ ಕಾಳು ಬೇಕು. ಕಾಳು ಹಾಕದೆ ಬರಿದೇ ಬೀಸಿದರೆ ಕಲ್ಲೇ ಕಲ್ಲನ್ನು ತಿನ್ನುತ್ತದೆ, ಬರೋದು ಕಲ್ಲುಪುಡಿ. ನಿಮ್ಮ ಸೀಮೆಯಲ್ಲಿ ಮೂರು ವರ್ಷದಿಂದ ಮಳೆ ಇಲ್ಲ ಅಂದಿರಿ. ಮನೆಯಲ್ಲಿ ಉಳಿದಿರೋ ಬಿತ್ತನೆ ರಾಗಿಯನ್ನು ಅಜ್ಜಿಯ ದನಿ ಕೇಳೋಕೆ ಬೀಸಬೇಕಾ, ಮಳೆಗೆ ಅಂತ ಉಳಿಸಬೇಕಾ? ನನಗೆ ಇದಕ್ಕಿಂತ ದೊಡ್ಡ ಮಿತಿ ತಿಳಿಯದು.

ಇನ್ನೊಂದು ವಿಷಯ. ಬೀಸಿ ಬೀಸಿ ಕಲ್ಲಿನ ಮೈ ನುಣ್ಣಗಾಗುತ್ತದೆ. ಆಗ ರಾಗಿ ಹಿಟ್ಟಾಗಲ್ಲ, ನುಚ್ಚಾಗಿ ಜಾರುತ್ತದೆ. ಕಲ್ಲಿಗೆ ಕಚ್ಚು ಹಾಕೋರು ಬೀದಿಯಲ್ಲಿ ಕೂಗಿಕೊಂಡು ಬರೋರು. ಮೇಲುಗಲ್ಲು ಮಗುಚಿ ಹಾಕಿ, ಉಳಿ ಸುತ್ತಿಗೆಯಲ್ಲಿ ಟಕಟಕ ಅಂತ ಹೊಸ ಗುಳಿ ಮಾಡಿಕೊಡೋರು. ಹಳೇ ಮೈ ಪುಡಿಯಾಗಿ ಅಂಗಳದಲ್ಲಿ ಬೀಳೋದು. ನಮ್ಮಜ್ಜಿ ಆ ಪುಡಿಯನ್ನು ಗುಡಿಸಿ ತೆಂಗಿನ ಬುಡಕ್ಕೆ ಹಾಕೋರು, ತುಳಿಯೋಕೆ ಬಿಡುತ್ತಿರಲಿಲ್ಲ. ನಿಮ್ಮ ಕಥೆಯಲ್ಲಿ ದನಿ ಇರೋದು ಕಲ್ಲಿನ ಮೈಯಲ್ಲಿ ಅಂದರೆ, ಕಚ್ಚು ಹಾಕೋನು ಬಂದ ದಿನ ಏನಾಗುತ್ತದೆ?

ಬಿಸಿಲುಗುಡ್ಡ ಅವರು ಹೇಳಿದ ಸಣ್ಣ ಕಣದ ಕಪ್ಪು ಕಲ್ಲು ರಾಗಿಗೆ ಆಗಿಬರಲ್ಲ ಅಂತ ನನ್ನ ಅನುಭವ. ಬೇಗ ನುಣ್ಣಗಾಗುತ್ತದೆ. ದಪ್ಪ ಕಣದ ಬಿಳಿಗಲ್ಲೇ ಕಚ್ಚುತ್ತದೆ.

ಬಿಸಿಲುಗುಡ್ಡ:

ಅಮ್ಮಾ, ನೀವು ಹೇಳಿದ್ದು ಸರಿ. ಗ್ರಾನೈಟಿನಲ್ಲಿ ಗಟ್ಟಿ ಕಣ, ಮೆದು ಕಣ ಬೆರೆತಿರುತ್ತವೆ. ಮೆದುವಾದದ್ದು ಮೊದಲು ಸವೆದು ಗಟ್ಟಿಯದು ಹಲ್ಲಿನ ಹಾಗೆ ಉಳಿಯುತ್ತದೆ, ಅದಕ್ಕೇ ಕಚ್ಚುತ್ತದೆ. ಉಲಿಯೋ ಕಲ್ಲಿನ ಮಾತು ವಾಪಸ್ ತಗೊಂಡೆ.

ಹೊಂಗೆನೆರಳು:

ಮೂರು ದಿನ ಏನೂ ಬರೆಯಲಿಲ್ಲ. ರಾಗಿಕಣ ಅವರ ಮಾತು ಓದಿ ಸುಮ್ಮನೆ ಕೂತಿದ್ದೆ. ನಮ್ಮ ಅಮ್ಮನ ಮನೆಯಲ್ಲೂ ರಾಗಿಕಲ್ಲಿತ್ತು. ಮನೆ ಮಾರಿದಾಗ ಪಾತ್ರೆ, ಮಂಚ, ಫೋಟೋ ಎಲ್ಲಾ ತಂದೆವು. ಕಲ್ಲು ಯಾರು ಹೊರುತ್ತಾರೆ ಅಂತ ಬಿಟ್ಟು ಬಂದೆವು. ಮೇಲುಗಲ್ಲು ಆಗಲೇ ಹಿತ್ತಲಲ್ಲಿ ಬಟ್ಟೆ ಒಗೆಯೋ ಜಾಗಕ್ಕೆ ಮೆಟ್ಟಿಲಾಗಿತ್ತು. ಅದರ ಬಾಯಲ್ಲಿ ಸೋಪಿನ ನೀರು ನಿಂತಿರುತ್ತಿತ್ತು. ನಾನೂ ಅದರ ಮೇಲೆ ಕಾಲಿಟ್ಟು ಎಷ್ಟು ಸಲ ಓಡಾಡಿದ್ದೇನೆ.

ಅದು ಈಗ ಕಥೆಗೆ ಬಂತು. ನೀಲಿಯ ಮನೆಯಲ್ಲಿ ಕೆಳಗಲ್ಲು ಮಾತ್ರ ಇದೆ. ಮೇಲುಗಲ್ಲು ಏಳನೇ ಕೆರೆಯ ಊರಿನಲ್ಲಿ, ಯಾರದೋ ಹಿತ್ತಲಲ್ಲಿ, ಮೆಟ್ಟಿಲಾಗಿ ಬಿದ್ದಿದೆ. ಚೌತಿಕಡುಬು ಅವರು ಹೇಳಿದ ಹಾಗೆ ಬೆಲೆ ಗೊತ್ತಿಲ್ಲದವರ ಮನೆ. ಆದರೆ ಕಳ್ಳತನದ ಅಪವಾದ ಹಾಕಲಿಲ್ಲ. ಅವರು ಕದ್ದಿಲ್ಲ, ಯಾರೋ ಬಿಟ್ಟು ಹೋದದ್ದನ್ನು ಬಳಸುತ್ತಿದ್ದಾರೆ ಅಷ್ಟೇ. ಬಿಟ್ಟು ಹೋದವರು ನೀಲಿಯ ಅಮ್ಮ. ಆ ಅಧ್ಯಾಯ ಬರೆಯೋದು ನನಗೆ ಕಷ್ಟ ಆಗುತ್ತದೆ, ಆದರೂ ಬರೆಯುತ್ತೇನೆ.

ಗಾಜಿನಗೋಲಿ ಅವರೇ, ಕಲ್ಲಿಗೆ ಕಿವಿ ಇರಬಾರದು ಅನ್ನೋ ನಿಮ್ಮ ಮಾತು ಇಡೀ ಗಂಟನ್ನು ಬಿಚ್ಚಿತು. ಈಗ ಅದು ಉತ್ತರ ಕೊಡಲ್ಲ. ಅಜ್ಜಿ ಯಾವತ್ತೋ ಹಾಡಿದ್ದನ್ನು ಹಾಡುತ್ತದೆ. ಹಾಡಿದ ಕ್ರಮದಲ್ಲೇ ಹಾಡುತ್ತದೆ. ತೂಬಿನ ಪದ ಬೇಕು ಅಂತ ನೀಲಿ ಬೀಸಿದರೆ ಮೊದಲು ಬರೋದು ಮದುವೆಯ ಪದ, ಆಮೇಲೆ ತವರಿನ ಪದ, ಆಮೇಲೆ ನೀಲಿಗೆ ಗೊತ್ತೇ ಇಲ್ಲದ, ಹುಟ್ಟಿದ ವಾರಕ್ಕೇ ಹೋದ ಒಬ್ಬ ಚಿಕ್ಕಪ್ಪನ ಪದ. ಬೇಕಾದ್ದಕ್ಕೆ ಹೋಗೋ ದಾರಿಯಲ್ಲಿ ಅಜ್ಜಿಯ ಬದುಕೆಲ್ಲಾ ಕೇಳಬೇಕು. ಅಷ್ಟು ಹೊತ್ತೂ ಮಡಕೆಯಲ್ಲಿ ರಾಗಿ ಇಳಿಯುತ್ತಾ ಇರುತ್ತದೆ.

ಏಳು ಸಲ ಅನ್ನೋ ಲೆಕ್ಕ ಮಾತ್ರ ತಗೊಳ್ಳಲಿಲ್ಲ. ಲೆಕ್ಕ ಕೊಟ್ಟರೆ ಮಗಳು ಬೆರಳು ಮಡಿಸುತ್ತಾ ಕೂರುತ್ತಾಳೆ, ಹಾಡು ಕೇಳಲ್ಲ. ಮಡಕೆಯ ರಾಗಿಯೇ ಲೆಕ್ಕ. ಕಚ್ಚು ಹಾಕೋನನ್ನು ಕೆಟ್ಟವನನ್ನಾಗಿ ಮಾಡಬೇಕು ಅಂತ ಮೊದಲು ಅನಿಸಿತು. ಆಮೇಲೆ ಬೇಡ ಅಂದುಕೊಂಡೆ. ಅವನದು ಹೊಟ್ಟೆಪಾಡು. ನುಣ್ಣಗಾದ ಕಲ್ಲನ್ನು ಸರಿ ಮಾಡೋಕೆ ಊರೂರು ತಿರುಗುತ್ತಾನೆ. ಪ್ರತಿ ಊರಿನಲ್ಲೂ ಉಳಿ ಇಡೋ ಮುಂಚೆ ಕಲ್ಲಿಗೆ ಕಿವಿಯಿಟ್ಟು ಕೇಳುತ್ತಾನೆ. ಅವನಿಗೆ ನೂರಾರು ಸತ್ತವರ ಪದ ಗೊತ್ತು. ಅವನು ಬಂದಮೇಲೆ ಕಥೆ ತಾನಾಗಿ ನಡೆಯೋಕೆ ಶುರುವಾಗಿದೆ.

ನಿನ್ನೆ ರಾತ್ರಿ ಹೊಸ ಒಂಬತ್ತನೇ ಅಧ್ಯಾಯ ಹೇಳಿದೆ. ನೀಲಿ ಮೊದಲ ಸಲ ಬೀಸೋ ಜಾಗಕ್ಕೆ ಬಂದಾಗ ಮಗಳು ಎದ್ದು ಅಡುಗೆಮನೆಗೆ ಹೋದಳು. ಡಬ್ಬ ತೆಗೆದ ಸದ್ದು ಕೇಳಿತು. ಒಂದು ಹಿಡಿ ರಾಗಿ ತಂದು ಹಾಸಿಗೆಯ ಪಕ್ಕ ನಿಂತಳು. ಬೆರಳ ಸಂದಿಯಿಂದ ಕಾಳು ಉದುರುತ್ತಿತ್ತು. "ಇಷ್ಟು ಹಾಕಿದ್ರೆ ಅಜ್ಜಿ ಎಷ್ಟು ಹೊತ್ತು ಹಾಡ್ತಾಳೆ?" ಅಂದಳು. ನನಗೆ ಗೊತ್ತಿರಲಿಲ್ಲ. ನಾನು ಯಾವತ್ತೂ ಬೀಸಿಲ್ಲ. ರಾಗಿಕಣ ಅವರೇ, ನಿಮಗೆ ಗೊತ್ತಿರಬೇಕು.

ರಾಗಿಕಣ:

ಮಗುವಿನ ಕೈಯ ಒಂದು ಹಿಡಿ ಅಂದರೆ ಮೂರು ಸಾಲಿನ ಒಂದು ಪದಕ್ಕೆ ಸಾಕು. ನಿಧಾನವಾಗಿ ಬೀಸೋಕೆ ಹೇಳಿ. ಜೋರಾಗಿ ತಿರುಗಿಸಿದರೆ ಮೂರನೇ ಸಾಲು ಬರೋ ಮುಂಚೆ ಬಾಯಿ ಬರಿದಾಗುತ್ತದೆ. ಉದುರಿದ ಕಾಳು ಬಿಡಬಾರದು, ಆರಿಸಿಕೊಂಡು ಹಾಕಲಿ.